ತರಗತಿಯ ಅತಿ ಚಿಕ್ಕ ಮಗು

ಪ್ರಾಥಮಿಕ ಶಾಲೆಯಲ್ಲಿ ಪಾಠ ಹೇಳುವ ಗೆಳತಿಯೊಬ್ಬಳಿಗೆ ಹಿಂದೊಮ್ಮೆ ಒಂದನೇ ತರಗತಿಯ ಪ್ರಗತಿ ವಿವರಗಳನ್ನು ಕಂಪ್ಯೂಟರಿಗೆ ಏರಿಸಿಕೊಡುತ್ತಿದ್ದೆ. ಒಂದು ಕಾಲಂನಲ್ಲಿ ಹೆಸರು, ಇನ್ನೊಂದರಲ್ಲಿ ಹುಟ್ಟಿದ ದಿನಾಂಕ, ಆಮೇಲೆ ಓದು, ಬರಹ, ಲೆಕ್ಕಗಳ ಶ್ರೇಣಿ, ಕೊನೆಯಲ್ಲಿ ಅವಳ ಷರಾ: ಚುರುಕು, ಪರವಾಗಿಲ್ಲ, ನಿಧಾನ, ಗಮನ ಸಾಲದು, ಬರವಣಿಗೆ ಸುಧಾರಿಸಬೇಕು. ಹೆಸರುಗಳು ಅಕಾರಾದಿಯಲ್ಲಿದ್ದಷ್ಟು ಹೊತ್ತು ಈ ಷರಾಗಳು ಪಟ್ಟಿಯ ತುಂಬ ಚದುರಿಕೊಂಡಿದ್ದವು. ದಿನಾಂಕಗಳನ್ನು ತಪ್ಪಿಲ್ಲದೆ ಟೈಪು ಮಾಡಿದ್ದೇನೆಯೇ ಎಂದು ನೋಡಿಕೊಳ್ಳಲು ಪಟ್ಟಿಯನ್ನು ಹುಟ್ಟಿದ ದಿನಾಂಕದ ಕ್ರಮದಲ್ಲಿ ಜೋಡಿಸಿದೆ. ‘ಚುರುಕು’ ಎನಿಸಿಕೊಂಡವರಲ್ಲಿ ಹೆಚ್ಚಿನವರು ಮೇಲಕ್ಕೆ ಹೋದರು. ‘ನಿಧಾನ’, ‘ಗಮನ ಸಾಲದು’ ಎನಿಸಿಕೊಂಡವರು ಕೆಳಗೆ ಒಟ್ಟಾಗಿ ಬಂದು ಕೂತರು. ಅಪವಾದಗಳಿದ್ದವು, ಇಲ್ಲದಿಲ್ಲ. ಆದರೂ ಆ ಪಟ್ಟಿಯನ್ನು ಯಾರೇ ನೋಡಿದರೂ ಒಂದು ಕ್ಷಣ ತಡೆದು ನಿಲ್ಲಬೇಕಿತ್ತು. ಮೇಲಿದ್ದವರು ತರಗತಿಯ ಹಿರಿಯ ಮಕ್ಕಳು, ಕೆಳಗಿದ್ದವರು ಕಿರಿಯ ಮಕ್ಕಳು, ನಡುವೆ ಹತ್ತು ಹನ್ನೊಂದು ತಿಂಗಳ ಅಂತರ.

ಗೆಳತಿಯನ್ನು ಕರೆದು ತೋರಿಸಿದೆ. ಅವಳು ಪಟ್ಟಿಯನ್ನು ಮೇಲಿಂದ ಕೆಳಕ್ಕೆ ಎರಡು ಸಲ ಓದಿ, “ಈ ಕಾಲಂ ನನ್ನ ಕಣ್ಣೆದುರಿಗೇ ಇತ್ತಲ್ಲೇ. ಹುಟ್ಟಿದ ದಿನಾಂಕವನ್ನ ದಾಖಲಾತಿ ದಿನ ಒಂದು ಸಲ ನೋಡ್ತೀವಿ. ಆಮೇಲೆ ಯಾರು ನೋಡ್ತಾರೆ ಹೇಳು?” ಎಂದಳು. ಮಕ್ಕಳನ್ನು ಬಲ್ಲ ಶಿಕ್ಷಕಿ ಅವಳು. ಷರಾ ಬರೆಯುವಾಗ ಯಾರಿಗೂ ಅನ್ಯಾಯ ಮಾಡುವ ಮನಸ್ಸಿನಿಂದ ಬರೆದವಳಲ್ಲ. ಕಂಡದ್ದನ್ನು ಕಂಡಂತೆ ಬರೆದಿದ್ದಳು. ಕಂಡದ್ದಕ್ಕೆ ಕಾರಣ ಏನಿರಬಹುದೆಂದು ಕೇಳುವ ಅಭ್ಯಾಸ ಮಾತ್ರ ನಮ್ಮ ಶಾಲಾ ವ್ಯವಸ್ಥೆಯಲ್ಲಿ ಎಲ್ಲಿಯೂ ಇರಲಿಲ್ಲ.

ಮಗು ಯಾವ ವಯಸ್ಸಿಗೆ ಶಾಲೆ ಸೇರಬೇಕು ಎಂಬ ಸಾರ್ವಜನಿಕ ಚರ್ಚೆ ನಡೆದಾಗಲೆಲ್ಲ ಆ ಪಟ್ಟಿ ನನ್ನ ಕಣ್ಣ ಮುಂದೆ ಬರುತ್ತದೆ. ಐದೋ, ಐದೂವರೆಯೋ, ಆರೋ, ಏಳೋ ಎಂದು ತಜ್ಞರೂ ಪೋಷಕರೂ ಮಂತ್ರಿಗಳೂ ವಾದಿಸುತ್ತಾರೆ. ಯಾವ ಸಂಖ್ಯೆಯನ್ನು ಒಪ್ಪಿಕೊಂಡರೂ ಪ್ರತಿ ತರಗತಿಯಲ್ಲಿಯೂ ಎಲ್ಲರಿಗಿಂತ ಚಿಕ್ಕದಾದ ಒಂದು ಮಗು ಉಳಿದೇ ಉಳಿಯುತ್ತದೆ. ಆ ಮಗುವಿನ ವಿಷಯವನ್ನು ಎತ್ತದೆ ಪ್ರಾಥಮಿಕ ಶಿಕ್ಷಣದ ಸುಧಾರಣೆಯನ್ನು ಚರ್ಚಿಸಲು ಸಾಧ್ಯವೆಂದು ನನಗೆ ಅನ್ನಿಸುವುದಿಲ್ಲ.

ಸಂಖ್ಯೆಯ ಸುತ್ತ

ಶಾಲೆ ಸೇರುವ ವಯಸ್ಸು ಮಗುವಿನ ಬೆಳವಣಿಗೆಯನ್ನು ನೋಡಿ ನಿಗದಿಯಾದ ಸಂಖ್ಯೆ ಎಂದು ನಾವು ಸಹಜವಾಗಿ ನಂಬುತ್ತೇವೆ. ಇತಿಹಾಸ ಹಾಗೆ ಹೇಳುವುದಿಲ್ಲ. ಇಂಗ್ಲೆಂಡಿನ 1870ರ ಪ್ರಾಥಮಿಕ ಶಿಕ್ಷಣ ಕಾಯ್ದೆಯು 5ರಿಂದ 13 ವರ್ಷದ ಮಕ್ಕಳ ಹಾಜರಾತಿಯನ್ನು ಕಡ್ಡಾಯಗೊಳಿಸುವ ಅಧಿಕಾರವನ್ನು ಸ್ಥಳೀಯ ಶಾಲಾ ಮಂಡಳಿಗಳಿಗೆ ಕೊಟ್ಟಿತು. 1880ರಲ್ಲಿ 5ರಿಂದ 10 ವರ್ಷದವರಿಗೆ ಅದು ದೇಶದಾದ್ಯಂತ ಕಡ್ಡಾಯವಾಯಿತು. ಐದನ್ನು ಆರಿಸಿದ್ದರ ಹಿಂದೆ ಮಕ್ಕಳನ್ನು ಬೀದಿಯಿಂದಲೂ ಕೆಟ್ಟ ವಾಸಸ್ಥಳಗಳಿಂದಲೂ ಬೇಗ ಬಿಡಿಸಬೇಕೆಂಬ ಕಾಳಜಿ ಇತ್ತು. ಬೇಗ ಸೇರಿಸಿದರೆ ಬೇಗ ಮುಗಿಸಿ ದುಡಿಮೆಗೆ ಕಳಿಸಬಹುದೆಂಬ ಲೆಕ್ಕವೂ ಅದರ ಜೊತೆಗೇ ಇತ್ತು. ಐದು ವರ್ಷದ ಮಗು ಹೇಗೆ ಕಲಿಯುತ್ತದೆ ಎಂಬುದು ಅಲ್ಲಿ ಮುಖ್ಯ ಪ್ರಶ್ನೆಯಾಗಿರಲಿಲ್ಲ. ಆ ಸಂಖ್ಯೆಯೇ ಇಂದಿಗೂ ಆ ದೇಶದ ಕಾನೂನಿನಲ್ಲಿದೆ. ರೂಢಿಯಲ್ಲಿಯಂತೂ ನಾಲ್ಕು ತುಂಬಿದ ಮಕ್ಕಳೇ ಮುಂದಿನ ಸೆಪ್ಟೆಂಬರಿನಲ್ಲಿ ಶಾಲೆಯ ರಿಸೆಪ್ಷನ್ ತರಗತಿಗೆ ಬಂದು ಕೂರುತ್ತಾರೆ.

ಅದೇ ಇಂಗ್ಲೆಂಡಿನಲ್ಲಿ ರಾಬಿನ್ ಅಲೆಕ್ಸಾಂಡರ್ ಅವರ ನೇತೃತ್ವದಲ್ಲಿ ನಡೆದ ಕೇಂಬ್ರಿಡ್ಜ್ ಪ್ರೈಮರಿ ರಿವ್ಯೂ ತನ್ನ ಅಂತಿಮ ವರದಿಯನ್ನು 2009ರ ಅಕ್ಟೋಬರಿನಲ್ಲಿ ಪ್ರಕಟಿಸಿತು. 1967ರ ಪ್ಲೌಡನ್ ವರದಿಯ ನಂತರ ಪ್ರಾಥಮಿಕ ಶಿಕ್ಷಣವನ್ನು ಅಷ್ಟು ವಿಸ್ತಾರವಾಗಿ ಪರಿಶೀಲಿಸಿದ ಪ್ರಯತ್ನ ಮತ್ತೊಂದಿರಲಿಲ್ಲ. ಬಡತನ, ಪರೀಕ್ಷೆಗಳ ಒತ್ತಡ, ಪಠ್ಯಕ್ರಮ ಕಿರಿದಾಗುತ್ತಿರುವ ಬಗೆ, ಶಿಕ್ಷಕರ ತರಬೇತಿ, ತರಗತಿಯಲ್ಲಿ ನಡೆಯುವ ಮಾತುಕತೆಯ ಗುಣಮಟ್ಟ, ಹೀಗೆ ಅದು ಮುಟ್ಟದ ವಿಷಯವಿರಲಿಲ್ಲ. ಆಟ ಮತ್ತು ಮಾತಿನ ಮೂಲಕ ಕಲಿಯುವ ಆರಂಭಿಕ ಹಂತವನ್ನು ಆರು ವರ್ಷದವರೆಗೆ ವಿಸ್ತರಿಸಬೇಕು ಎಂಬುದು ಅದರ ಹಲವು ಶಿಫಾರಸುಗಳಲ್ಲಿ ಒಂದು. ಕಡ್ಡಾಯ ವಯಸ್ಸಿನ ಬಗ್ಗೆ ಮುಕ್ತ ಚರ್ಚೆಯಾಗಲಿ ಎಂದ ವರದಿ, ಮಗು ಯಾವ ಕಟ್ಟಡದೊಳಗೆ ಇರುತ್ತದೆ ಎನ್ನುವುದಕ್ಕಿಂತ ಅಲ್ಲಿ ಅದಕ್ಕೆ ಏನು ಸಿಗುತ್ತದೆ ಎನ್ನುವುದು ದೊಡ್ಡದು ಎಂಬ ನಿಲುವನ್ನು ಸ್ಪಷ್ಟವಾಗಿಯೇ ಹೇಳಿತ್ತು. ಆದರೆ ಪತ್ರಿಕೆಗಳ ತಲೆಬರಹಕ್ಕೆ ಬಂದದ್ದು ‘ಆರಕ್ಕೆ ಶಾಲೆ’ ಎಂಬ ಒಂದೇ ಸಂಗತಿ. ಸರ್ಕಾರವೂ ಆ ಒಂದೇ ಸಂಗತಿಗೆ ಉತ್ತರ ಕೊಟ್ಟು ಅದನ್ನು ತಳ್ಳಿಹಾಕಿತು. ಮೂರು ವರ್ಷಗಳ ಶ್ರಮ ಒಂದು ಅಂಕಿಯೊಳಗೆ ಕುಗ್ಗಿಹೋದದ್ದನ್ನು ನೆನೆದರೆ ಈಗಲೂ ಬೇಸರವಾಗುತ್ತದೆ.

ಪೋಲೆಂಡಿನ ಕಥೆ ಇನ್ನೂ ಉದ್ದವಾದದ್ದು. ಅಲ್ಲಿ ಏಳಕ್ಕೆ ಶಾಲೆ ಸೇರುವುದು ಹಳೆಯ ಪದ್ಧತಿ. ಅದನ್ನು ಆರಕ್ಕೆ ಇಳಿಸುವ ಸುಧಾರಣೆಯನ್ನು 2009ರಲ್ಲಿ ತಂದರು, ಜಾರಿಯನ್ನು ಪದೇ ಪದೇ ಮುಂದೂಡಿದರು. ‘ಪುಟಾಣಿಗಳನ್ನು ಉಳಿಸಿ’ ಎಂಬ ಪೋಷಕರ ಚಳವಳಿ ಜನಮತಗಣನೆಗಾಗಿ ಹತ್ತಿರಹತ್ತಿರ ಹತ್ತು ಲಕ್ಷ ಸಹಿಗಳನ್ನು ಕೂಡಿಸಿತು. 2013ರಲ್ಲಿ ಸಂಸತ್ತು ಆ ಬೇಡಿಕೆಯನ್ನು ತಿರಸ್ಕರಿಸಿತು. 2014ರಲ್ಲಿ ಆರು ವರ್ಷದ ಅರ್ಧದಷ್ಟು ಮಕ್ಕಳು, 2015ರಲ್ಲಿ ಉಳಿದವರೂ ಶಾಲೆ ಸೇರಿದರು. ಅಷ್ಟರಲ್ಲಿ ಸರ್ಕಾರ ಬದಲಾಗಿ, 2016ರಿಂದ ಮತ್ತೆ ಏಳಕ್ಕೆ ಮರಳಿದರು. ದಕ್ಷಿಣ ಕೊರಿಯಾದಲ್ಲಿ ಇಷ್ಟು ಕಾಲವೂ ಹಿಡಿಯಲಿಲ್ಲ. ಪ್ರವೇಶದ ವಯಸ್ಸನ್ನು ಒಂದು ವರ್ಷ ತಗ್ಗಿಸುವ ಯೋಜನೆಯನ್ನು 2022ರ ಜುಲೈ ಕೊನೆಯಲ್ಲಿ ಪ್ರಕಟಿಸಿದ ಶಿಕ್ಷಣ ಸಚಿವೆ ಪಾರ್ಕ್ ಸೂನ್-ಎ, ಪೋಷಕರ ಮತ್ತು ಶಿಕ್ಷಕರ ಪ್ರತಿಭಟನೆಯ ನಡುವೆ ಆಗಸ್ಟ್ 8ರಂದು ರಾಜೀನಾಮೆ ಕೊಟ್ಟರು. ಜನನ ಪ್ರಮಾಣ ಕುಸಿಯುತ್ತಿರುವ ದೇಶದಲ್ಲಿ ಯುವಕರು ಒಂದು ವರ್ಷ ಮೊದಲೇ ದುಡಿಮೆಗೆ ಬರಲಿ ಎಂಬ ಆಲೋಚನೆ ಅದರ ಹಿಂದಿತ್ತು. 1870ರ ಲೆಕ್ಕ ಒಂದೂವರೆ ಶತಮಾನದ ಮೇಲೆ ಮತ್ತೊಂದು ಖಂಡದಲ್ಲಿ ಕಾಣಿಸಿಕೊಂಡಿತು. ಪೋಷಕರು ಅದನ್ನು ಕೂಡಲೇ ಗುರುತಿಸಿದರು.

ಈ ಯಾವ ಜಗಳದಲ್ಲಿಯೂ ಪೋಷಕರು ಅಕಾರಣವಾಗಿ ಸಿಟ್ಟಾದರು ಎಂದು ನಾನು ಭಾವಿಸುವುದಿಲ್ಲ. ತಮ್ಮ ಮಗು ಸಿದ್ಧವಾಗುವ ಮೊದಲೇ ಅದನ್ನು ಯಾವುದೋ ಸಾಲಿನಲ್ಲಿ ನಿಲ್ಲಿಸಲಾಗುತ್ತಿದೆ ಎಂಬ ಭಯ ನಿಜವಾದ ಭಯ. ವಯಸ್ಸಿನ ಸಂಖ್ಯೆ ಸರಿಹೋದರೆ ಆ ಭಯ ಹೋಗುತ್ತದೆಯೇ ಎಂಬುದು ನನ್ನ ಅನುಮಾನ.

ಹನ್ನೆರಡು ತಿಂಗಳು

ಆರು ತುಂಬಿದ ಮಕ್ಕಳನ್ನು ಸೇರಿಸಿಕೊಳ್ಳುವ ತರಗತಿಯಲ್ಲಿ ಗಡಿ ದಿನಾಂಕದಂದೇ ಆರು ತುಂಬಿದ ಮಗುವೂ, ಇನ್ನೇನು ಏಳು ತುಂಬಲಿರುವ ಮಗುವೂ ಒಂದೇ ಬೆಂಚಿನಲ್ಲಿ ಕೂರುತ್ತಾರೆ. ನಲವತ್ತು ವರ್ಷದವರಿಗೂ ನಲವತ್ತೊಂದರವರಿಗೂ ಯಾರೂ ವ್ಯತ್ಯಾಸ ಮಾಡುವುದಿಲ್ಲ. ಆರು ವರ್ಷದ ಮಗುವಿಗೆ ಮಾತ್ರ ಒಂದು ವರ್ಷವೆಂದರೆ ಅದು ಈವರೆಗೆ ಬದುಕಿದ ಕಾಲದ ಆರನೇ ಒಂದು ಪಾಲು. ಮಾತು ಕಲಿತ ನಂತರದ ಕಾಲವನ್ನಷ್ಟೇ ಎಣಿಸಿದರೆ ಇನ್ನೂ ದೊಡ್ಡ ಪಾಲು. ಗಡಿಯನ್ನು ಜೂನ್‌ನಿಂದ ಡಿಸೆಂಬರಿಗೆ ಸರಿಸಿದರೆ ಬೇರೆ ತಿಂಗಳಲ್ಲಿ ಹುಟ್ಟಿದವರು ಕಿರಿಯರಾಗುತ್ತಾರೆ. ಆರರಿಂದ ಏಳಕ್ಕೆ ಏರಿಸಿದರೂ ಕಿರಿಯರು ಇರುತ್ತಾರೆ.

ಈ ಅಂತರ ತರಗತಿಯಲ್ಲಿ ಹೇಗೆ ಕಾಣುತ್ತದೆ ಎನ್ನುವುದನ್ನು ಒಮ್ಮೆ ಗೆಳತಿಯ ತರಗತಿಯ ಹಿಂದಿನ ಬೆಂಚಿನಲ್ಲಿ ಕೂತು ನೋಡಿದೆ. ಕರಿಹಲಗೆಯ ಮೇಲೆ ಬರೆದ ಮೂರು ಸಾಲುಗಳನ್ನು ಪುಸ್ತಕಕ್ಕೆ ಇಳಿಸಿಕೊಳ್ಳುವ ಕೆಲಸ. ನನ್ನ ಮುಂದೆ ಇಬ್ಬರು ಹುಡುಗರು. ಒಬ್ಬ ತಲೆಯೆತ್ತಿ ಒಂದು ಇಡೀ ಪದವನ್ನು ನೋಡಿ, ತಲೆ ತಗ್ಗಿಸಿ ಅದನ್ನು ಬರೆದು, ಮತ್ತೆ ತಲೆಯೆತ್ತುತ್ತಿದ್ದ. ಇನ್ನೊಬ್ಬ ಪೆನ್ಸಿಲನ್ನು ಇಡೀ ಮುಷ್ಟಿಯಲ್ಲಿ ಹಿಡಿದಿದ್ದ. ಅವನು ಒಂದು ಅಕ್ಷರ ನೋಡಿ, ಕೆಳಗೆ ಬಾಗಿ, ಅದರ ಅರ್ಧವನ್ನು ಬರೆಯುವಷ್ಟರಲ್ಲಿ ಉಳಿದರ್ಧ ಮರೆತು ಮತ್ತೆ ಹಲಗೆ ನೋಡುತ್ತಿದ್ದ. ನೋಡಿದಾಗ ಯಾವ ಸಾಲಿನಲ್ಲಿದ್ದೆ ಎನ್ನುವುದೇ ತಪ್ಪಿಹೋಗಿ, ಬೆರಳನ್ನು ಗಾಳಿಯಲ್ಲಿ ಎತ್ತಿ ಸಾಲುಗಳನ್ನು ಎಣಿಸಿ ತನ್ನ ಜಾಗವನ್ನು ಹುಡುಕಿಕೊಳ್ಳುತ್ತಿದ್ದ. ಎಷ್ಟು ಶ್ರದ್ಧೆಯಿಂದ ಎಣಿಸುತ್ತಿದ್ದನೆಂದರೆ ಅವನ ತುಟಿಗಳು ಅಲುಗಾಡುತ್ತಿದ್ದವು. ಮೊದಲನೆಯವನು ಮೂರನೇ ಸಾಲು ಮುಗಿಸಿದಾಗ ಇವನು ಮೊದಲ ಸಾಲಿನ ನಡುವಿನಲ್ಲಿದ್ದ. ಆಗ ಹಲಗೆಯನ್ನು ಒರೆಸಿದರು, ಮುಂದಿನ ಪಾಠ ಬಂತು. ಇವನು ಒರೆಸಿದ ಹಲಗೆಯನ್ನು ನೋಡಿದ, ತನ್ನ ಪುಸ್ತಕ ನೋಡಿದ, ಆಮೇಲೆ ಕಿಟಕಿಯತ್ತ ತಿರುಗಿದ. ಅವನು ಕಿಟಕಿಯತ್ತ ತಿರುಗಿದ ಹೊತ್ತಿಗೆ ತರಗತಿಗೆ ಯಾರಾದರೂ ಬಂದಿದ್ದರೆ, ಆ ಮಗುವಿಗೆ ‘ಗಮನ ಸಾಲದು’ ಎಂದೇ ಬರೆಯುತ್ತಿದ್ದರು. ಅದಕ್ಕೆ ಮೊದಲು ಅವನು ಕೊಟ್ಟಿದ್ದ ಗಮನ ಆ ಕೋಣೆಯಲ್ಲಿದ್ದ ಎಲ್ಲರಿಗಿಂತ ಹೆಚ್ಚಿನದು.

ಹಲಗೆಯಿಂದ ಪುಸ್ತಕಕ್ಕೆ ಇಳಿಸಿಕೊಳ್ಳುವುದು ದೊಡ್ಡವರಿಗೆ ಕೆಲಸವೇ ಅಲ್ಲ ಅನ್ನಿಸುತ್ತದೆ. ಅದಕ್ಕೆ ನೋಡಿದ ಆಕಾರವನ್ನು ಕೆಲವು ಕ್ಷಣ ನೆನಪಿನಲ್ಲಿ ಹಿಡಿದಿಡುವ ಶಕ್ತಿ ಬೇಕು, ಬೆರಳುಗಳ ಸಣ್ಣ ಸ್ನಾಯುಗಳ ಮೇಲೆ ಹಿಡಿತ ಬೇಕು, ಸುತ್ತಲಿನ ಸದ್ದನ್ನು ಪಕ್ಕಕ್ಕಿಡುವ ಅಭ್ಯಾಸ ಬೇಕು. ಐದರಿಂದ ಏಳರ ನಡುವೆ ಈ ಮೂರೂ ಭರದಿಂದ ಬೆಳೆಯುತ್ತಿರುತ್ತವೆ. ಇವನಿಗಿಂತ ಹತ್ತು ತಿಂಗಳು ಮೊದಲು ಹುಟ್ಟಿದವನಿಗೆ ಸಲೀಸಾದದ್ದು ಇವನಿಗೆ ಹತ್ತು ತಿಂಗಳ ಮೇಲೆ ಸಲೀಸಾಗುತ್ತಿತ್ತು. ಅಷ್ಟು ಹೊತ್ತಿಗೆ ಅವನ ಹೆಸರಿನ ಮುಂದೆ ಷರಾ ಬಂದಿರುತ್ತದೆ, ಅವನೂ ಅದನ್ನು ನಂಬಲು ಶುರುಮಾಡಿರುತ್ತಾನೆ.

ಇದು ಒಂದು ಕೋಣೆಯಲ್ಲಿ ಕಂಡ ಸಂಗತಿ ಮಾತ್ರ ಎನ್ನಬಹುದು. ಕೆನಡಾದ ಬ್ರಿಟಿಷ್ ಕೊಲಂಬಿಯಾ ಪ್ರಾಂತ್ಯದ ಒಂಬತ್ತು ಲಕ್ಷಕ್ಕೂ ಹೆಚ್ಚು ಮಕ್ಕಳ ದಾಖಲೆಗಳನ್ನು ನೋಡಿದ ಅಧ್ಯಯನವೊಂದು 2012ರಲ್ಲಿ ಪ್ರಕಟವಾಯಿತು. ಅಲ್ಲಿ ಗಡಿ ಡಿಸೆಂಬರ್ 31. ಜನವರಿಯಲ್ಲಿ ಹುಟ್ಟಿದ ಹುಡುಗರಿಗೆ ಹೋಲಿಸಿದರೆ ಡಿಸೆಂಬರಿನಲ್ಲಿ ಹುಟ್ಟಿದ ಹುಡುಗರಲ್ಲಿ ಎಡಿಎಚ್‌ಡಿ, ಅಂದರೆ ಗಮನಕೊರತೆ ಮತ್ತು ಅತಿಚಟುವಟಿಕೆಯ ಸಮಸ್ಯೆ ಇದೆಯೆಂದು ಗುರುತಿಸುವ ಸಾಧ್ಯತೆ ಶೇ 30ರಷ್ಟು ಹೆಚ್ಚಿತ್ತು. ಹುಡುಗಿಯರಲ್ಲಿ ಶೇ 70ರಷ್ಟು ಹೆಚ್ಚಿತ್ತು. 2018ರಲ್ಲಿ ಅಮೆರಿಕದ ಅಧ್ಯಯನವೊಂದು ಸೆಪ್ಟೆಂಬರ್ 1ನ್ನು ಗಡಿಯಾಗಿ ಇಟ್ಟುಕೊಂಡ ರಾಜ್ಯಗಳನ್ನು ಬೇರೆಯಾಗಿ ನೋಡಿತು. ಅಲ್ಲಿ ಆಗಸ್ಟಿನಲ್ಲಿ ಹುಟ್ಟಿದ ಪ್ರತಿ 10,000 ಮಕ್ಕಳಲ್ಲಿ 85 ಮಂದಿಗೆ ಈ ಸಮಸ್ಯೆ ಇದೆಯೆಂದು ಹೇಳಲಾಗಿತ್ತು, ಸೆಪ್ಟೆಂಬರಿನಲ್ಲಿ ಹುಟ್ಟಿದವರಲ್ಲಿ 64 ಮಂದಿಗೆ. ಆ ಗಡಿ ಇಲ್ಲದ ರಾಜ್ಯಗಳಲ್ಲಿ ಆಗಸ್ಟಿಗೂ ಸೆಪ್ಟೆಂಬರಿಗೂ ಹಾಗೆ ವ್ಯತ್ಯಾಸ ಕಾಣಲಿಲ್ಲ. ಆಗಸ್ಟ್ ತಿಂಗಳಿಗೆ ಯಾವ ದೋಷವೂ ಇಲ್ಲ ಎಂಬುದು ಇದರಿಂದ ಗೊತ್ತಾಗುತ್ತದೆ. ನಿಜವಾಗಿ ಆ ಸಮಸ್ಯೆಯಿರುವ ಮಕ್ಕಳಿದ್ದಾರೆ, ಅವರಿಗೆ ಚಿಕಿತ್ಸೆ ಸಿಗಲೇಬೇಕು. ಕಿರಿಯ ಮಗುವಿನ ಕಿರಿತನವನ್ನು ಕಾಯಿಲೆಯೆಂದು ತಿಳಿದು ಔಷಧಿ ಬರೆದ ಸಂದರ್ಭಗಳೂ ಇವೆ ಎಂಬ ಅನುಮಾನ ಈ ಅಂಕಿಗಳನ್ನು ನೋಡಿದವರಿಗೆ ಬಾರದೆ ಇರದು.

ಹಾಗಾದರೆ ಎಲ್ಲರನ್ನೂ ಒಂದು ವರ್ಷ ತಡವಾಗಿ ಸೇರಿಸಿದರೆ ಆಗದೇ? ತಡವಾಗಿ ಸೇರಿದ ಮಕ್ಕಳಲ್ಲಿ ಏಳನೇ ವಯಸ್ಸಿನಲ್ಲಿ ಚಂಚಲತೆ ಗಣನೀಯವಾಗಿ ಕಡಿಮೆಯಿತ್ತು, ಹನ್ನೊಂದರವರೆಗೂ ಆ ಲಾಭ ಉಳಿದಿತ್ತು ಎಂದು ಡೆನ್ಮಾರ್ಕಿನ ಅಧ್ಯಯನವೊಂದು ಹೇಳಿದೆ. ಅದನ್ನು ಹಗುರವಾಗಿ ತಳ್ಳಿಹಾಕಲಾಗದು. ನಾಲ್ಕು ವರ್ಷದ ಮಗು ತರಗತಿಯ ಕಿರಿಯ ಮಗುವಾಗಿರುವುದಕ್ಕೂ ಆರು ವರ್ಷದ ಮಗು ಹಾಗಿರುವುದಕ್ಕೂ ಬಹಳ ಅಂತರವಿದೆ. ಆ ಮಟ್ಟಿಗೆ ಸಂಖ್ಯೆಯೂ ಮುಖ್ಯ. ಆದರೆ ವಯಸ್ಸು ಏರಿದ ಹಾಗೆ ನಿರೀಕ್ಷೆಯೂ ಏರುತ್ತದೆ. ಅಮೆರಿಕದಲ್ಲಿ ಒಂದನೇ ತರಗತಿಗೆ ಮುಂಚಿನ ವರ್ಷವಾದ ಕಿಂಡರ್‌ಗಾರ್ಟನ್ ಮುಗಿಯುವಷ್ಟರಲ್ಲಿ ಮಕ್ಕಳು ಓದಲು ಕಲಿತಿರಬೇಕು ಎಂದು 1998ರಲ್ಲಿ ಶೇ 31ರಷ್ಟು ಶಿಕ್ಷಕರು ಹೇಳಿದ್ದರು. 2010ರಲ್ಲಿ ಹಾಗೆ ಹೇಳಿದವರು ಶೇ 80. ಅಷ್ಟು ಕಡಿಮೆ ಕಾಲದಲ್ಲಿ ಆ ವಯಸ್ಸಿನ ಮಕ್ಕಳ ಮೆದುಳು ಬದಲಾಗಿರಲು ಸಾಧ್ಯವಿಲ್ಲ. ಪಾಠದ ವೇಗವನ್ನು ತರಗತಿಯ ಸರಾಸರಿ ಮಗು ನಿರ್ಧರಿಸುತ್ತದೆ, ಕೆಲವೊಮ್ಮೆ ಸರಾಸರಿಗಿಂತ ಮುಂದಿರುವ ಮಗು. ಕಿರಿಯ ಮಗು ಎಲ್ಲಿದ್ದರೂ ಅದರ ಹಿಂದೆ ಓಡುತ್ತಲೇ ಇರಬೇಕಾಗುತ್ತದೆ.

ಆ ಒಂದು ವರ್ಷ

ವಯಸ್ಸನ್ನು ಏರಿಸಬೇಕೆನ್ನುವವರ ವಾದವನ್ನು ಕೇಳುವಾಗ ನನಗೆ ದಾಖಲಾತಿ ದಿನದಲ್ಲಿ ಕಂಡ ಒಬ್ಬ ತಾಯಿ ನೆನಪಾಗುತ್ತಾರೆ. ಮಗಳ ಜನನ ಪ್ರಮಾಣಪತ್ರದ ಪ್ರಕಾರ ಗಡಿಗೆ ಕೆಲವೇ ವಾರಗಳ ಕೊರತೆ. ಮೇಜಿನ ಆಚೆ ಕೂತಿದ್ದವರು ಸಮಾಧಾನದಿಂದಲೇ, “ಮುಂದಿನ ವರ್ಷ ಕರ್ಕೊಂಡು ಬನ್ನಿ ಅಮ್ಮ, ಮಗುಗೂ ಒಳ್ಳೇದು” ಎಂದರು. ತಾಯಿ ಪ್ರಮಾಣಪತ್ರವನ್ನು ಮಡಚುತ್ತ, “ಒಳ್ಳೇದೇ ಇರಬಹುದು ಮೇಡಂ. ಒಂದು ವರ್ಷ ಇವಳನ್ನ ಎಲ್ಲಿ ಬಿಡ್ಲಿ ಅಂತ ಹೇಳಿ. ನಾನು ಬೆಳಿಗ್ಗೆ ಕೆಲಸಕ್ಕೆ ಹೋದ್ರೆ ಬರೋದು ಸಂಜೆ” ಎಂದರು. ಅದಕ್ಕೆ ಯಾರ ಬಳಿಯೂ ಉತ್ತರವಿರಲಿಲ್ಲ. ಅಲ್ಲಿದ್ದವರಲ್ಲಿ ಯಾರೂ ಕೆಟ್ಟವರಲ್ಲ, ಎಲ್ಲರೂ ನಿಯಮವನ್ನು ಪಾಲಿಸುತ್ತಿದ್ದರು.

ತಡವಾಗಿ ಸೇರುವುದರ ಲಾಭವನ್ನು ಲೆಕ್ಕ ಹಾಕುವ ಅಧ್ಯಯನಗಳು ಸಾಮಾನ್ಯವಾಗಿ ಒಳ್ಳೆಯ ಶಾಲಾಪೂರ್ವ ವ್ಯವಸ್ಥೆ ಇರುವ ದೇಶಗಳಿಂದ ಬರುತ್ತವೆ. ಡೆನ್ಮಾರ್ಕಿನಲ್ಲಿ ಶಾಲೆಗೆ ಹೋಗದ ಮಗು ಸುಮ್ಮನೆ ಮನೆಯಲ್ಲಿರುವುದಿಲ್ಲ. ತರಬೇತಿ ಪಡೆದ ಶಿಕ್ಷಕರಿರುವ, ಆಟವೇ ಪಾಠವಾಗಿರುವ ಜಾಗದಲ್ಲಿರುತ್ತದೆ. ಫಿನ್‌ಲೆಂಡಿನಲ್ಲಿ ಏಳಕ್ಕೆ ಶಾಲೆ ಎಂದು ಎಲ್ಲರೂ ಹೇಳುತ್ತಾರೆ. ಆರನೇ ವಯಸ್ಸಿನ ಶಾಲಾಪೂರ್ವ ಶಿಕ್ಷಣ ಅಲ್ಲಿ 2015ರಿಂದ ಕಡ್ಡಾಯ ಎಂಬುದನ್ನು ಹೇಳುವವರು ಕಡಿಮೆ. ಫ್ರಾನ್ಸ್ ಕಡ್ಡಾಯ ಶಿಕ್ಷಣದ ವಯಸ್ಸನ್ನು 2019ರಲ್ಲಿ ಆರರಿಂದ ಮೂರಕ್ಕೆ ಇಳಿಸಿತು. ಮೇಲ್ನೋಟಕ್ಕೆ ಫಿನ್‌ಲೆಂಡಿಗೂ ಫ್ರಾನ್ಸಿಗೂ ನಾಲ್ಕು ವರ್ಷಗಳ ಅಂತರ. ಐದು ವರ್ಷದ ಮಗುವಿನ ಒಂದು ದಿನ ಆ ಎರಡು ದೇಶಗಳಲ್ಲಿ ಹೇಗೆ ಕಳೆಯುತ್ತದೆ ಎಂದು ಹೋಲಿಸಿದರೆ ಮಾತ್ರ ನಿಜವಾದ ಅಂತರ ಎಷ್ಟೆಂದು ತಿಳಿಯುತ್ತದೆ.

ಭಾರತದಲ್ಲಿ ಈ ಪ್ರಶ್ನೆ ಇನ್ನೂ ಕಠಿಣವಾದದ್ದು. 2009ರ ಶಿಕ್ಷಣ ಹಕ್ಕು ಕಾಯ್ದೆಯ ಉಚಿತ, ಕಡ್ಡಾಯ ಶಿಕ್ಷಣದ ಹಕ್ಕು 6ರಿಂದ 14 ವರ್ಷದವರಿಗೆ. ಆರರ ಕೆಳಗಿನ ಮಗುವಿಗೆ ಆ ಬಲವಾದ ಹಕ್ಕಿಲ್ಲ. 2020ರ ರಾಷ್ಟ್ರೀಯ ಶಿಕ್ಷಣ ನೀತಿ ಮೂರರಿಂದ ಎಂಟರವರೆಗಿನ ಐದು ವರ್ಷಗಳನ್ನು ಒಂದೇ ಬುನಾದಿ ಹಂತವೆಂದು ಕರೆಯಿತು. ಎರಡನೇ ತರಗತಿಯವರೆಗಿನ ಕಲಿಕೆಯನ್ನು ಅಂಗನವಾಡಿಯ ಕಲಿಕೆಯೊಂದಿಗೆ ಸೇರಿಸಿ ನೋಡಬೇಕೆಂದದ್ದು, ನನ್ನ ಪ್ರಕಾರ, ಆ ನೀತಿಯ ಉತ್ತಮ ಆಲೋಚನೆಗಳಲ್ಲಿ ಒಂದು. ಸಾರ್ವಜನಿಕ ಚರ್ಚೆ ಮಾತ್ರ ಒಂದನೇ ತರಗತಿಗೆ ಆರು ತುಂಬಿರಬೇಕೇ ಬೇಡವೇ ಎಂಬಲ್ಲಿಗೇ ಬಂದು ನಿಂತಿತು. ಕರ್ನಾಟಕದಲ್ಲಿ ಜೂನ್ 1ಕ್ಕೆ ಆರು ತುಂಬಿರಬೇಕೆಂಬ ಆದೇಶ 2022ರಲ್ಲಿ ಬಂದು, ಜಾರಿ 2025–26ಕ್ಕೆ ಹೋಗಿ, ಆ ಸಾಲಿಗೆ ಮಾತ್ರ 5 ವರ್ಷ 5 ತಿಂಗಳಿಗೆ ಸಡಿಲಿಕೆ ಸಿಕ್ಕಿತು. ಆಗಲೇ ಯುಕೆಜಿ ಮುಗಿಸಿದ್ದ ಮಕ್ಕಳು ಅದೇ ತರಗತಿಯಲ್ಲಿ ಮತ್ತೊಂದು ವರ್ಷ ಕೂರಬೇಕೇ ಎಂಬ ಪೋಷಕರ ಸಂಕಟ ಅರ್ಥವಾಗುವಂಥದ್ದು. ಯುಕೆಜಿಯನ್ನೇ ಕಾಣದ ಮಕ್ಕಳ ವಿಷಯ ಆ ಚರ್ಚೆಯಲ್ಲಿ ಅಷ್ಟಾಗಿ ಕೇಳಿಬರಲಿಲ್ಲ.

ತಡಮಾಡುವ ಆಯ್ಕೆಯನ್ನು ಪೋಷಕರಿಗೇ ಬಿಡೋಣ ಎನ್ನುವುದು ಮತ್ತೊಂದು ದಾರಿ. ಸ್ಕಾಟ್ಲೆಂಡಿನಲ್ಲಿ 2023ರ ಆಗಸ್ಟಿನಿಂದ, ಶಾಲೆ ಆರಂಭವಾಗುವ ದಿನಕ್ಕೆ ಐದು ತುಂಬದ ಯಾವ ಮಗುವಾದರೂ ಒಂದು ವರ್ಷ ತಡವಾಗಿ ಸೇರಬಹುದು, ಆ ವರ್ಷದ ಶಾಲಾಪೂರ್ವ ಶಿಕ್ಷಣದ ವೆಚ್ಚ ಸರ್ಕಾರದ್ದು. ಹಣದ ಆ ಭಾಗವೇ ಅದರ ಜೀವಾಳ. ಹಣವಿಲ್ಲದೆ ಆಯ್ಕೆಯನ್ನಷ್ಟೇ ಕೊಟ್ಟರೆ ಅನುಕೂಲವಂತರು ತಮ್ಮ ಕಿರಿಯ ಮಗುವನ್ನು ಒಂದು ವರ್ಷ ಹಿಡಿದಿಟ್ಟು ಮುಂದಿನ ತರಗತಿಯ ಹಿರಿಯ ಮಗುವನ್ನಾಗಿ ಮಾಡುತ್ತಾರೆ. ಹಾಗೆ ಮಾಡಲಾಗದವರ ಮಗು, ತನಗಿಂತ ಒಂದು ವರ್ಷವಲ್ಲ, ಹದಿನೈದು ಹದಿನಾರು ತಿಂಗಳು ದೊಡ್ಡವರಾದವರ ಪಕ್ಕದಲ್ಲಿ ಕೂರುತ್ತದೆ. ಆಗ ತರಗತಿಯ ಅತಿ ಚಿಕ್ಕ ಮಗುವೇ ಅತಿ ಬಡ ಮಗುವೂ ಆಗಿರುವ ಸಾಧ್ಯತೆ ಹೆಚ್ಚುತ್ತದೆ. ಇದಕ್ಕಿಂತ ಅನ್ಯಾಯವಾದ ಫಲಿತಾಂಶವನ್ನು ನಾನು ಊಹಿಸಲಾರೆ.

ಮಗು ಸಿದ್ಧವೇ, ಶಾಲೆ ಸಿದ್ಧವೇ

ಮಗು ಶಾಲೆಗೆ ಸಿದ್ಧವಾಗಿದೆಯೇ ಎಂದು ಕೇಳುವವರು ಬೇಕಾದಷ್ಟಿದ್ದಾರೆ. ಪಠ್ಯಕ್ರಮವನ್ನು ಬರೆಯುವವರು ಗಡಿ ದಿನಾಂಕದಂದೇ ವಯಸ್ಸು ತುಂಬಿದ ಮಗುವನ್ನು ಎದುರಿಗೆ ಕೂರಿಸಿಕೊಂಡು ಬರೆದರೆ ಒಂದನೇ ತರಗತಿ ಹೇಗಿರುತ್ತದೆ? ಹಲಗೆ ನೋಡಿ ಬರೆಯುವ ಹೊತ್ತು ಕಡಿಮೆಯಾಗುತ್ತದೆ. ಕಥೆ, ಮಾತು, ಹಾಡು, ವಸ್ತುಗಳನ್ನು ಮುಟ್ಟಿ ಎಣಿಸುವ ಕೆಲಸ ಹೆಚ್ಚುತ್ತದೆ. ಹಿರಿಯ ಮಗುವಿಗೆ ಇದರಿಂದ ನಷ್ಟವಾಗುತ್ತದೆ ಎಂಬ ಆತಂಕಕ್ಕೆ ದೊಡ್ಡ ಆಧಾರವಿಲ್ಲ. ಓದುವುದನ್ನು ಐದಕ್ಕೆ ಕಲಿತವರನ್ನೂ ಏಳಕ್ಕೆ ಕಲಿತವರನ್ನೂ ನ್ಯೂಜಿಲೆಂಡಿನ ಒಟಾಗೋ ವಿಶ್ವವಿದ್ಯಾಲಯದ ಸಂಶೋಧಕರು ಹೋಲಿಸಿ ನೋಡಿದಾಗ, ಹನ್ನೊಂದರ ಹೊತ್ತಿಗೆ ಓದುವ ಸಾಮರ್ಥ್ಯದಲ್ಲಿ ಅವರ ನಡುವೆ ವ್ಯತ್ಯಾಸ ಉಳಿದಿರಲಿಲ್ಲ. ಇಲ್ಲಿ ಲಿಪಿಯ ಮಾತನ್ನೂ ಹೇಳಬೇಕು. ಫಿನ್ನಿಷ್ ಭಾಷೆಯಲ್ಲಿ ಒಂದು ಅಕ್ಷರಕ್ಕೆ ಒಂದೇ ಉಚ್ಚಾರ. ಅಲ್ಲಿನ ಮಕ್ಕಳು ಏಳಕ್ಕೆ ಶುರುಮಾಡಿ ಬೇಗ ಓದುತ್ತಾರೆ. ಇಂಗ್ಲಿಷಿನ ಕಾಗುಣಿತ ಗೋಜಲಾದದ್ದು, ಅದಕ್ಕೆ ಹೆಚ್ಚು ಕಾಲ ಬೇಕು. ಕನ್ನಡದಲ್ಲಿ ಬರೆದಂತೆ ಓದುತ್ತೇವೆ ನಿಜ, ಆದರೆ ಸ್ವರಚಿಹ್ನೆ, ಒತ್ತಕ್ಷರಗಳು ಸೇರಿ ಗುರುತಿಸಬೇಕಾದ ರೂಪಗಳು ನೂರಾರು. ಅವೆಲ್ಲ ಕೈಗೆ ಹತ್ತಲು ಮೂರು ನಾಲ್ಕನೇ ತರಗತಿಯವರೆಗೂ ಹಿಡಿಯುವುದು ಸಹಜ. ಒಂದನೇ ತರಗತಿಯ ಕೊನೆಗೆ ಒತ್ತಕ್ಷರ ತಪ್ಪುವ ಮಗುವಿನ ಬಗ್ಗೆ ಗಾಬರಿಯಾಗುವ ಮೊದಲು ಇದನ್ನು ನೆನೆಯಬೇಕು.

ಹಾಗೆಂದು ಒಳ್ಳೆಯ ಆಶಯವನ್ನು ಕಾಗದದ ಮೇಲೆ ಬರೆದರೆ ಸಾಲದು. ನಾರ್ವೆ 1997ರಲ್ಲಿ ಶಾಲೆ ಸೇರುವ ವಯಸ್ಸನ್ನು ಏಳರಿಂದ ಆರಕ್ಕೆ ಇಳಿಸಿತು. ಶಿಶುವಿಹಾರದ ಮತ್ತು ಶಾಲೆಯ ಉತ್ತಮ ಅಂಶಗಳೆರಡೂ ಆ ಮೊದಲ ವರ್ಷದಲ್ಲಿ ಕೂಡಿರುತ್ತವೆ, ಆಟಕ್ಕೇ ಮೊದಲ ಸ್ಥಾನ ಎಂಬ ಭರವಸೆಯ ಮೇಲೆ ಪೋಷಕರು ಅದನ್ನು ಒಪ್ಪಿಕೊಂಡರು. 2006ರ ಹೊಸ ಪಠ್ಯಕ್ರಮ ಓದು ಬರಹದ ಗುರಿಗಳನ್ನು ಮುಂದಕ್ಕೆ ತಂದಾಗ ಆಟದ ಜಾಗ ಕುಗ್ಗಿತು, ಹಳೆಯ ಭರವಸೆ ಮುರಿದುಬಿತ್ತು ಎಂಬ ದೂರು ಅಲ್ಲಿ ಇಂದಿಗೂ ನಡೆದಿದೆ. ವಯಸ್ಸನ್ನು ಬದಲಿಸಲು ಒಂದು ಕಾನೂನು ಸಾಕಾಯಿತು. ಕೋಣೆಯೊಳಗಿನ ಭರವಸೆಯನ್ನು ಕಾಪಾಡಲು ಪ್ರತಿ ವರ್ಷವೂ ಶಿಕ್ಷಕರು, ಹಣ, ಸಣ್ಣ ಗುಂಪುಗಳು ಬೇಕಾಗಿದ್ದವು.

ಖರ್ಚಿಲ್ಲದೆ ಮಾಡಬಹುದಾದ ಕೆಲಸವೂ ಒಂದಿದೆ. ಇಂಗ್ಲೆಂಡಿನ ಇನ್‌ಸ್ಟಿಟ್ಯೂಟ್ ಫಾರ್ ಫಿಸ್ಕಲ್ ಸ್ಟಡೀಸ್ 2013ರಲ್ಲಿ, ಅಲ್ಲಿನ ಬೇಸಿಗೆಯಲ್ಲಿ, ಅಂದರೆ ಸೆಪ್ಟೆಂಬರಿನ ಗಡಿಗೆ ಸ್ವಲ್ಪ ಮೊದಲು ಹುಟ್ಟಿದ ಮಕ್ಕಳು ಹಿಂದೆ ಬೀಳುವ ಕಾರಣವನ್ನು ಬಿಡಿಸಿ ನೋಡಿತು. ಎಲ್ಲರಿಗೂ ಒಂದೇ ದಿನ ಪರೀಕ್ಷೆ ನಡೆಸುವುದರಿಂದ ಆ ಮಕ್ಕಳು ಆ ದಿನಕ್ಕೆ ಇತರರಿಗಿಂತ ಚಿಕ್ಕವರಾಗಿರುವುದೇ ಮುಖ್ಯ ಕಾರಣವೆಂದು ಕಂಡುಕೊಂಡು, ಅಂಕಗಳನ್ನು ವಯಸ್ಸಿಗೆ ಹೊಂದಿಸಿ ಕೊಡಬೇಕೆಂದು ಸಲಹೆ ಮಾಡಿತು. ಒಂದನೇ, ಎರಡನೇ ತರಗತಿಯ ಮಟ್ಟದಲ್ಲಿ ಇಷ್ಟು ಲೆಕ್ಕಾಚಾರವೂ ಬೇಕಿಲ್ಲ. ಪ್ರಗತಿ ಪತ್ರದಲ್ಲಿ ಹೆಸರಿನ ಪಕ್ಕದಲ್ಲಿಯೇ ವಯಸ್ಸನ್ನು ವರ್ಷ ಮತ್ತು ತಿಂಗಳುಗಳಲ್ಲಿ ಬರೆದರೆ ಸಾಕು. ಗೆಳತಿ ಆಮೇಲಿಂದ ಹಾಗೆಯೇ ಮಾಡುತ್ತಿದ್ದಾಳೆ. ಷರಾ ಬರೆಯುವ ಮುನ್ನ ಆ ಅಂಕಿಯ ಮೇಲೆ ಕಣ್ಣಾಡಿಸುವುದರಿಂದ ಕೆಲವು ಷರಾಗಳನ್ನು ಬರೆಯಲು ಕೈ ಬರುವುದಿಲ್ಲ ಎನ್ನುತ್ತಾಳೆ. ಮಗುವನ್ನು ‘ನಿಧಾನ’ದ ಗುಂಪಿನಲ್ಲಿ ಕೂರಿಸುವ ಪದ್ಧತಿಯನ್ನೂ ಅವಳು ಬಿಟ್ಟಿದ್ದಾಳೆ, ಗುಂಪುಗಳನ್ನು ಆಗಾಗ ಕಲೆಸಿ ಕೂರಿಸುತ್ತಾಳೆ.

ಸ್ವೀಡನ್ ಈಗ ತನ್ನ ಆರು ವರ್ಷದ ಮಕ್ಕಳ ಶಾಲಾಪೂರ್ವ ತರಗತಿಯನ್ನೇ ಒಂದನೇ ತರಗತಿಯನ್ನಾಗಿ ಪರಿವರ್ತಿಸಿ, 2028ರಿಂದ ಹತ್ತು ವರ್ಷಗಳ ಶಾಲೆಯನ್ನು ತರುವ ಯೋಜನೆಯಲ್ಲಿದೆ. ನಾರ್ವೆಯ ಅನುಭವ ಪಕ್ಕದಲ್ಲಿಯೇ ಇರುವುದರಿಂದ ಅಲ್ಲಿನ ಚರ್ಚೆ ಆಟ ಉಳಿಯುತ್ತದೆಯೇ ಎಂಬ ಪ್ರಶ್ನೆಯ ಸುತ್ತ ನಡೆಯುತ್ತಿದೆ. ಆ ಯೋಜನೆ ಜಾರಿಗೆ ಬಂದಾಗ ಅಲ್ಲಿನ ಪಠ್ಯಕ್ರಮದಲ್ಲಿ ನಾನು ನೋಡಬೇಕೆಂದಿರುವುದು ಎರಡು ವಿಷಯ: ವರ್ಷದ ಕೊನೆಯಲ್ಲಿ ಮಗು ಏನನ್ನು ಮಾಡಬಲ್ಲದಾಗಿರಬೇಕು ಎಂದು ಅವರು ಬರೆಯುತ್ತಾರೆ, ಮತ್ತು ಅದನ್ನು ಡಿಸೆಂಬರಿನಲ್ಲಿ ಹುಟ್ಟಿದ, ಅಂದರೆ ಅಲ್ಲಿನ ತರಗತಿಯ ಅತಿ ಚಿಕ್ಕ ಮಗುವಿಗೆ ಯಾವ ತಿಂಗಳಲ್ಲಿ ಕೇಳುತ್ತಾರೆ.